ಜಾಗ ಸಾಲದ ಗೇಮ್ ಡಬ್ಬಿಗಳು, ಬೈಗುಳ ತಿನ್ನುವ ನಾನು

ಮುಂಬಯಿಯಲ್ಲಿ ಜಾಗ ಸಾಲದು ಅಂತ ಗೋಳಾಡದವರು ಯಾರಿದ್ದಾರೆ ಹೇಳಿ. ಲೋಕಲ್‌ನಲ್ಲಿ ಜಾಗ ಇಲ್ಲ, ಚಾಳಿನಲ್ಲಿ ಜಾಗ ಇಲ್ಲ, ಫ್ಲಾಟಿನಲ್ಲಂತೂ ಹೊಸ ಕುರ್ಚಿ ಒಳಗೆ ಬರಬೇಕಾದರೆ ಹಳೇ ಕುರ್ಚಿ ಹೊರಗೆ ಹೋಗಬೇಕು. ಅದಕ್ಕೆಲ್ಲ ಜನ ಯಾರನ್ನೂ ಬೈಯುವುದಿಲ್ಲ, ಅಡ್ಜಸ್ಟ್ ಮಾಡಿಕೊಳ್ಳುತ್ತಾರೆ. ಆದರೆ ಟಿವಿಗೆ ಜೋಡಿಸಿ ಆಡುವ ಗೇಮ್ ಕನ್ಸೋಲಿನಲ್ಲಿ ಜಾಗ ಮುಗಿಯಿತೋ, ನೆಟ್ಟಗೆ ನನ್ನ ಅಂಗಡಿಗೆ ಬಂದು ನನ್ನ ಮೇಲೆ ಹಾರಿಬೀಳುತ್ತಾರೆ. ನಾನೇ ಒಳಗೆ ಹೋಗಿ ಕಾಲು ಚಾಚಿ ಮಲಗಿದ್ದೇನೋ ಎಂಬ ಹಾಗೆ!

ಸಯನ್ ಸ್ಟೇಷನ್ ಹತ್ತಿರ ನನ್ನದೊಂದು ಮೊಬೈಲ್ ಮತ್ತು ಗೇಮ್ ರಿಪೇರಿ ಅಂಗಡಿ. ಇಬ್ಬರು ಗಿರಾಕಿಗಳು ಒಳಗೆ ನಿಂತರೆ ಮೂರನೆಯವರು ಫುಟ್‌ಪಾತಿನಲ್ಲಿ. ಕನ್ಸೋಲಿನೊಳಗಿನ ಜಾಗವನ್ನು ಅಳೆಯುವುದು ಜಿಬಿಯಲ್ಲಿ. ಸಾವಿರ ಜಿಬಿ ಸೇರಿದರೆ ಒಂದು ಟಿಬಿ. ಈಗಿನ ಆಟಗಳೋ, ಒಂದೊಂದೂ ನೂರು ನೂರೈವತ್ತು ಜಿಬಿ ನುಂಗಿ ನೀರು ಕುಡಿಯುತ್ತವೆ. ಏಳೆಂಟು ಆಟ ಹಾಕಿದರೆ ಡಬ್ಬಿ ಭರ್ತಿ. ಆಗ ಹೊರಗಿನಿಂದ ಒಂದು ಡ್ರೈವ್ ಜೋಡಿಸಬೇಕು. ಬಿಸ್ಕೆಟ್ ಪ್ಯಾಕಿನಷ್ಟು ದೊಡ್ಡ ಪೆಟ್ಟಿಗೆ ಅದು, ಇನ್ನೇನೂ ಅಲ್ಲ. ಇಷ್ಟು ಗೊತ್ತಿದ್ದರೆ ನಾನು ಪಟ್ಟ ಪಾಡು ನಿಮಗೆ ಅರ್ಥವಾಗುತ್ತದೆ.

ಟಿಬಿ

ಒಂದು ಸಂಜೆ ದಾದರಿನಲ್ಲಿ ಲೋಕಲ್ ಹತ್ತಿದ್ದೆ. ಹತ್ತಿದ್ದೆ ಅನ್ನುವುದು ಮರ್ಯಾದೆಯ ಮಾತು, ಹಿಂದಿನವರು ತಳ್ಳಿ ಒಳಗೆ ಹಾಕಿದ್ದರು. ಒಂದು ಕೈ ಮೇಲಿನ ಹಿಡಿಕೆಯಲ್ಲಿ, ಇನ್ನೊಂದರಲ್ಲಿ ಫೋನು. ಆ ಕಡೆಯಿಂದ ಒಬ್ಬ ಗಿರಾಕಿ, ಮಗನ ಕನ್ಸೋಲು ತುಂಬಿಹೋಗಿದೆ ಎಂಬ ತಕರಾರು. ರೈಲಿನ ಗದ್ದಲದಲ್ಲಿ ಅವರಿಗೆ ಏನೂ ಕೇಳಿಸುತ್ತಿಲ್ಲ. ನಾನು ಹಿಂದಿಯಲ್ಲಿ ಕಿರುಚಿ ಹೇಳಿದೆ: "ನಿಮ್ಮ ಮಗನಿಗೆ ಇರೋದು ಒಂದೇ ಟಿಬಿ. ನನ್ನ ಹತ್ತಿರ ಎರಡು ಟಿಬಿ ಇದೆ. ಈಗಲೇ ಜೊತೆಯಲ್ಲೇ ಇದೆ. ಮನೆಗೇ ಬಂದು ಕೊಡ್ತೇನೆ. ಹೌದು, ನನ್ನ ಮನೆಯಲ್ಲೂ ಎಲ್ಲರಿಗೂ ಅದೇ!"

ಫೋನ್ ಇಟ್ಟು ನೋಡುತ್ತೇನೆ, ನನ್ನ ಸುತ್ತ ಒಂದು ಮಾರು ಜಾಗ! ಆ ಹೊತ್ತಿನ ಲೋಕಲ್‌ನಲ್ಲಿ! ಕಿಟಕಿ ಪಕ್ಕ ಕೂತಿದ್ದ ಮನುಷ್ಯ ಕರ್ಚೀಫಿನಿಂದ ಮೂಗು ಮುಚ್ಚಿಕೊಂಡು ಎದ್ದು, "ನೀವು ಕೂತ್ಕೊಳ್ಳಿ, ಗಾಳಿ ಬರ್ತದೆ" ಅಂದ. ಎದುರಿನ ಹಿರಿಯರೊಬ್ಬರು, "ಔಷಧಿಯ ಕೋರ್ಸು ಪೂರ್ತಿ ಮುಗಿಸಿ, ಮಧ್ಯೆ ಬಿಡಬೇಡಿ" ಅಂತ ಉಪದೇಶ ಶುರುಮಾಡಿದರು.

"ಇದು ಕಾಯಿಲೆಯ ಟಿಬಿ ಅಲ್ಲ ಸ್ವಾಮೀ, ಗೇಮಿನ ಟಿಬಿ!" ಅಂದೆ.

"ಶುರುವಿನಲ್ಲಿ ಯಾರೂ ಒಪ್ಪಿಕೊಳ್ಳೋದಿಲ್ಲ," ಅಂತ ಅವರು ಪಕ್ಕದವರಿಗೆ ಹೇಳಿದರು.

ಸಿಟ್ಟು ನೆತ್ತಿಗೇರಿತು. ಗಟ್ಟಿಮುಟ್ಟಾಗಿ ಓಡಾಡುವ ಮನುಷ್ಯನಿಗೆ ಕಾಯಿಲೆ ಅಂಟಿಸಲು ಇವರ್ಯಾರು? ಎದ್ದು ನಿಂತು ಜಗಳ ಮಾಡುವವನೇ ಇದ್ದೆ. ಆದರೆ ಸಂಜೆಯ ಲೋಕಲ್‌ನಲ್ಲಿ ಕಿಟಕಿ ಪಕ್ಕದ ಸೀಟು! ಎರಡು ಸಲ ಜೋರಾಗಿ ಕೆಮ್ಮಿ, ಸೀಟು ಭದ್ರ ಮಾಡಿಕೊಂಡು ಕೂತೆ.

ವಡೆಯ ತೂತು

ನಮ್ಮ ಉಡುಪಿ ಕಡೆಯವರೇ ಒಬ್ಬರು ಹತ್ತಿರದಲ್ಲೇ ಹೋಟೆಲು ಇಟ್ಟಿದ್ದಾರೆ. ಕನ್ಸೋಲು ತಂದದ್ದು ಮಗನಿಗೆ ಅಂತ. ಆದರೆ ಮಧ್ಯಾಹ್ನದ ಊಟದ ಗಿರಾಕಿ ಮುಗಿದ ಮೇಲೆ ಮಾಳಿಗೆಯ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಕಾರ್ ರೇಸ್ ಓಡಿಸುವವರು ಇವರೇ. ಮಗ ಮುಟ್ಟಿದರೆ ಬೈಗುಳ. ಅವರಿಗೆ ಒಂದು ಟಿಬಿಯ ಡ್ರೈವ್ ಕೊಟ್ಟಿದ್ದೆ. ಮರುದಿನ ಹೋಟೆಲಿಗೆ ತಿಂಡಿಗೆ ಹೋದರೆ, ಗಲ್ಲಾದಿಂದಲೇ ಗುಡುಗಿದರು.

"ಎಂತ ಮಾರಾಯ ಇದು? ಒಂದು ಟಿಬಿ ಅಂತ ಕೊಟ್ಟದ್ದಲ್ವಾ ನೀನು? ಒಂಬೈನೂರ ಮೂವತ್ತು ಚಿಲ್ಲರೆ ತೋರಿಸ್ತದೆ. ಉಳಿದದ್ದು ಎಲ್ಲಿ? ನೀನು ತಿಂದದ್ದಾ?"

ತಿಂಡಿ ತಿನ್ನುತ್ತಿದ್ದವರೆಲ್ಲ ನನ್ನ ಕಡೆ ತಿರುಗಿದರು. ನನಗೆ ಮೈಯೆಲ್ಲ ಉರಿದುಹೋಯಿತು. ಆದರೂ ತಾಳ್ಮೆಯಿಂದ, ಡ್ರೈವ್ ಮಾಡುವ ಕಂಪನಿಯವರು ಎಣಿಸುವ ರೀತಿ ಬೇರೆ, ಮೆಷಿನ್ ಎಣಿಸುವ ರೀತಿ ಬೇರೆ, ಲೋಕದಲ್ಲಿ ಎಲ್ಲ ಡ್ರೈವೂ ಹೀಗೆಯೇ ಅಂತ ವಿವರಿಸಿದೆ.

"ಕತೆ ಹೇಳಬೇಡ. ನಮ್ಮಲ್ಲಿ ಪ್ಲೇಟಿಗೆ ಎರಡು ಇಡ್ಲಿ ಅಂದ್ರೆ ಎರಡು. ಒಂದೂ ಮುಕ್ಕಾಲು ಇಟ್ಟು, ನಮ್ಮ ಎಣಿಸುವ ರೀತಿ ಬೇರೆ ಅಂತೇವಾ?"

ಅಷ್ಟರಲ್ಲಿ ಸಪ್ಲೈಯರ್ ನನ್ನ ಮುಂದೆ ವಡೆ ಇಟ್ಟ. ನಾನು ಅದನ್ನು ಬೆರಳಲ್ಲಿ ಎತ್ತಿ, ತೂತಿನೊಳಗಿಂದ ಯಜಮಾನರ ಮುಖ ನೋಡಿದೆ. "ಇದು ಇಡೀ ವಡೆ ಅಂತಲೇ ಕೊಟ್ಟದ್ದಲ್ವಾ? ಹಾಗಾದ್ರೆ ನಡುವಿನದ್ದು ಎಲ್ಲಿ? ನೀವು ತಿಂದದ್ದಾ?"

ಅಡುಗೆಯವರೂ ಹೊರಗೆ ಬಂದು ನಕ್ಕರು. ಯಜಮಾನರು ಗಲ್ಲಾದ ಚಿಲ್ಲರೆ ಎಣಿಸತೊಡಗಿದರು. ಆದರೆ ಮರೆಯಲಿಲ್ಲ. ಈಗ ಆ ಹೋಟೆಲಿಗೆ ಹೋದರೆ ನನಗೊಬ್ಬನಿಗೇ ಸ್ಪೆಶಲ್ಲಾಗಿ ತೂತಿಲ್ಲದ ವಡೆ ಬರುತ್ತದೆ. ನಡುವೆ ಹಸಿ ಹಿಟ್ಟು.

ಅಣ್ಣ ತಮ್ಮ

ಧಾರಾವಿಯಲ್ಲಿ ಚರ್ಮದ ಬ್ಯಾಗು ಹೊಲಿಯುವ ಇಬ್ಬರು ಅಣ್ಣತಮ್ಮಂದಿರು, ವಿಜಯಪುರದ ಕಡೆಯವರು. ಇಬ್ಬರಿಗೂ ಮದುವೆಯಾಗಿ ಮಕ್ಕಳಿದ್ದಾರೆ. ಇಬ್ಬರದೂ ಸೇರಿ ಒಂದೇ ಕನ್ಸೋಲು, ಅದರಲ್ಲಿ ಇಬ್ಬರೂ ಸೇರಿ ಫುಟ್‌ಬಾಲ್ ಆಡುತ್ತಾರೆ, ಉಳಿದ ಆಟಗಳು ಅವರವರದ್ದು. ಅದನ್ನು ಚೀಲದಲ್ಲಿ ಹೊತ್ತುಕೊಂಡು ಬಂದು ನನ್ನ ಕೌಂಟರಿನ ಮೇಲೆ ಕುಕ್ಕಿದರು.

"ಜಾಗ ಇಲ್ಲ ಅಂತೈತ್ರೀ. ಇವನ ಆಟ ತೆಗೀರಿ," ಅಂದ ಅಣ್ಣ.

"ನಂದ್ಯಾಕ ತೆಗೀಬೇಕು? ಇವಂದು ತೆಗೀರಿ," ಅಂದ ತಮ್ಮ.

ಅರ್ಧ ಗಂಟೆ ಇದೇ ನಡೆಯಿತು. ಬೇರೆ ಗಿರಾಕಿಗಳು ಹೊರಗಿನಿಂದಲೇ ಇಣುಕಿ ವಾಪಸು ಹೋದರು. ಇದು ಅಂಗಡಿಯೋ ಪಂಚಾಯ್ತಿ ಕಟ್ಟೆಯೋ? ರೇಗಿಹೋಗಿ, ನಾನೇ ಕನ್ಸೋಲನ್ನು ಟಿವಿಗೆ ಹಾಕಿ ಒಳಗೆ ಯಾವುದು ಎಷ್ಟು ಜಾಗ ಹಿಡಿದಿದೆ ಅಂತ ನೋಡಿದೆ. ಆಟಗಳದ್ದಲ್ಲ ತಪ್ಪು. ಆಡುವಾಗ ರೆಕಾರ್ಡ್ ಮಾಡಿದ ವಿಡಿಯೋಗಳು ಗುಡ್ಡೆ ಬಿದ್ದಿದ್ದವು. ಒಂದನ್ನು ಓಡಿಸಿದೆ. ಅಣ್ಣ ತಮ್ಮನಿಗೆ ಗೋಲು ಹೊಡೆಯುತ್ತಿದ್ದ. ಇನ್ನೊಂದರಲ್ಲೂ ಅದೇ. ಮತ್ತೊಂದರಲ್ಲೂ ಅದೇ.

ತಮ್ಮನ ಮುಖ ಕೆಂಪಾಯಿತು. "ನೋಡ್ರೀ ಇವನ ಬುದ್ಧಿ! ನಾ ಸೋತಿದ್ದಷ್ಟ ಕೂಡಿಸಿ ಇಟ್ಕೊಂಡಾನ! ಒಡಹುಟ್ಟಿದವ ಮಾಡೋ ಕೆಲಸ ಏನ್ರೀ ಇದು?"

ಅಣ್ಣ ಒಂಚೂರೂ ಅಲುಗಲಿಲ್ಲ. "ಸುಳ್ಳ ಹೇಳಬ್ಯಾಡ. ನೀ ಗೆದ್ದದ್ದು ಇಡಾಕ ಬ್ಯಾರೆ ಫೋಲ್ಡರ್ ಮಾಡೀನಿ. ತೋರಸ್ರೀ ಅವಗ. ಅದೇನೂ ಜಾಗಾ ಹಿಡಿದಿಲ್ಲ."

ಕಾಣದ ಡ್ರೈವ್

ಎಲ್ಲಕ್ಕಿಂತ ಹೊಟ್ಟೆ ಉರಿಸಿದ್ದು ನಗರದ ಆ ತುದಿಯ ದಹಿಸರ್‌ನ ಪ್ರಕರಣ. ಅಲ್ಲಿ ಬ್ಯಾಂಕಿನಲ್ಲಿ ಕೆಲಸ ಮಾಡುವ ಒಬ್ಬ ಗೃಹಸ್ಥರು. ಅವರದ್ದು ಊರು ಕಟ್ಟುವ ಆಟ. ರಸ್ತೆ, ಸೇತುವೆ, ಆಸ್ಪತ್ರೆ, ಕೆರೆ, ಕೆರೆಯ ಸುತ್ತ ಪಾರ್ಕು, ಎಲ್ಲ ವರ್ಷಗಟ್ಟಲೆ ಕೂತು ಕಟ್ಟಿದ್ದಾರೆ. ಮನೆಯಲ್ಲಿ ಬಟ್ಟೆ ಒಣಗಿಸಲು ಬಾಲ್ಕನಿಯೂ ಇಲ್ಲ, ಆಟದ ಊರಿನಲ್ಲಿ ಮಾತ್ರ ಪ್ರತಿ ಮನೆಗೂ ಅಂಗಳ. ಆ ಇಡೀ ಊರನ್ನು ನಾನೇ ಎರಡು ಟಿಬಿ ಡ್ರೈವಿಗೆ ಹಾಕಿಕೊಟ್ಟಿದ್ದೆ.

ಒಂದು ಭಾನುವಾರ ಅವರ ಫೋನು. "ನೀವು ಕೊಟ್ಟ ಡ್ರೈವ್ ಕಾಣಿಸ್ತಾ ಇಲ್ಲ! ಎಂಥ ಮಾಲು ಕೊಟ್ಟಿದ್ದೀರಿ? ಈಗಿಂದೀಗ ಬನ್ನಿ!" ರಜೆಯ ದಿನ, ಮನೆಯಲ್ಲಿ ಮೀನು ಸಾರು. ಎಲ್ಲ ಬಿಟ್ಟು, ದಾದರಿನಲ್ಲಿ ರೈಲು ಬದಲಾಯಿಸಿ, ದಹಿಸರ್ ಮುಟ್ಟಿದೆ. ಟಿವಿಯ ಹಿಂದೆ ಬಗ್ಗಿ ನೋಡಿದರೆ ಕನ್ಸೋಲಿನಿಂದ ಒಂದು ವೈರು ನೇತಾಡುತ್ತಿದೆ. ಅದರ ತುದಿಯಲ್ಲಿ ಏನೂ ಇಲ್ಲ.

"ಡ್ರೈವ್ ಎಲ್ಲಿ?" ಅಂದೆ.

"ಅದೇ ಹೇಳಿದ್ನಲ್ಲ, ಕಾಣಿಸ್ತಾ ಇಲ್ಲ ಅಂತ."

"ಕಾಣಿಸ್ತಾ ಇಲ್ಲ ಅಂದ್ರೆ ಪರದೆ ಮೇಲೆ ಅಂದ್ಕೊಂಡೆ ನಾನು!"

"ಪರದೆ ಮೇಲೂ ಕಾಣಿಸ್ತಾ ಇಲ್ಲ."

ನಾನು ಹಣೆ ಚಚ್ಚಿಕೊಂಡೆ. ಆಗ ಅವರ ಹೆಂಡತಿ ಅಡುಗೆಮನೆಯಿಂದ ಚಹಾ ತಂದರು. "ಆ ಕಪ್ಪು ಪೆಟ್ಟಿಗೆಯಾ? ಕೆಟ್ಟುಹೋದ ಚಾರ್ಜರ್ ಅಂದ್ಕೊಂಡೆ. ಬೆಳಿಗ್ಗೆ ಹಳೇ ಬಟ್ಟೆ ತಗೊಂಡು ಪಾತ್ರೆ ಕೊಡುವವಳು ಬಂದಿದ್ದಳಲ್ಲ, ಎರಡು ಹಳೇ ಶರ್ಟಿಗೆ ಚಹಾ ಸೋಸುವ ಜಾಲರಿ ಕೊಡೋದಿಲ್ಲ ಅಂದಳು. ಮೇಲೆ ಅದನ್ನೂ ಹಾಕಿದೆ. ಜಾಲರಿ ಚೆನ್ನಾಗಿದೆ, ಈ ಚಹಾ ಅದರಲ್ಲೇ ಸೋಸಿದ್ದು."

"ನನ್ನ ಊರು!" ಅಂತ ಗೃಹಸ್ಥರು ತಲೆ ಹಿಡಿದುಕೊಂಡರು. ಚಹಾ ಅಲ್ಲೇ ಬಿಟ್ಟು, ಜಾಲರಿ ಎತ್ತಿಕೊಂಡು ಇಬ್ಬರೂ ಕೆಳಗೆ ಓಡಿದೆವು. ಪುಣ್ಯಕ್ಕೆ ಪಾತ್ರೆಯವಳು ಪಕ್ಕದ ಬಿಲ್ಡಿಂಗಿನ ಗೇಟಿನ ನೆರಳಲ್ಲಿ ಕೂತಿದ್ದಳು. ಮುಂದೆ ಹಳೇ ಬಟ್ಟೆಯ ಗಂಟು, ಗಂಟಿನ ಮೇಲೆ ಡ್ರೈವು. ಗೃಹಸ್ಥರು ಜಾಲರಿ ಚಾಚಿ, "ಇದನ್ನು ತಗೊಂಡು ಅದನ್ನು ಕೊಡು" ಅಂದರು.

ಅವಳು ಜಾಲರಿಯನ್ನು ಮೂಸಿ ನೋಡಿದಳು. "ಇದರಲ್ಲಿ ಚಹಾ ಸೋಸಿದ್ದೀರಿ. ಬಳಸಿದ ಮಾಲು ನಾನು ವಾಪಸು ತಗೊಳ್ಳೋದಿಲ್ಲ."

ಅಲ್ಲಿಗೆ ನನ್ನ ಸಹನೆ ಮುಗಿಯಿತು. ಬಾಯಿ ಮುಚ್ಚಿಕೊಂಡಿದ್ದರೆ ಹೇಗೋ ಅಗ್ಗದಲ್ಲಿ ಮುಗಿಯುತ್ತಿತ್ತು. "ಏನಮ್ಮಾ, ಅನ್ಯಾಯಕ್ಕೂ ಒಂದು ಮಿತಿ ಬೇಡವಾ? ಅದೇನು ಸಾಮಾನ್ಯ ಪೆಟ್ಟಿಗೆ ಅಂದ್ಕೊಂಡಿಯಾ? ಅದರೊಳಗೆ ಒಂದು ಊರೇ ಇದೆ! ಆಸ್ಪತ್ರೆ, ಸೇತುವೆ, ಕೆರೆ ಎಲ್ಲ ಇದೆ!" ಅಂತ ಕೂಗಿದೆ.

ಅವಳು ಡ್ರೈವನ್ನು ಮೆಲ್ಲಗೆ ತನ್ನ ಮಡಿಲಿಗೆ ಎಳೆದುಕೊಂಡಳು. "ಅಷ್ಟೆಲ್ಲ ಇದೆಯಾ?" ಅಂದಳು. "ಹಾಗಾದ್ರೆ ಕುಕ್ಕರ್ ತನ್ನಿ."

ಗೃಹಸ್ಥರು ನನ್ನನ್ನು ನೋಡಿದ ನೋಟ ಇದೆಯಲ್ಲ, ಅದನ್ನು ನಾನು ಇಲ್ಲಿ ಬರೆಯಲಾರೆ. ಬಾಯಿಗೆ ಬಂದಷ್ಟು ಚೌಕಾಶಿ ಮಾಡಿದೆವು. ಬಾಣಲೆ ಅಂದೆವು, ತಪ್ಪಲೆ ಅಂದೆವು. ಅವಳು ಕುಕ್ಕರಿನಿಂದ ಕೆಳಗೆ ಇಳಿಯಲಿಲ್ಲ. ಕೊನೆಗೆ ಅವರೇ ಮೇಲೆ ಹೋಗಿ, ಕುಕ್ಕರಿನಲ್ಲಿದ್ದ ಬೇಳೆಯನ್ನು ಬೇರೆ ಪಾತ್ರೆಗೆ ಸುರಿದು, ಹೆಂಡತಿಗೆ ಬೆನ್ನು ತಿರುಗಿಸಿಕೊಂಡೇ ಅದನ್ನು ತಂದು ಒಪ್ಪಿಸಿದರು. ಅವಳು ಸೀಟಿ ಇದೆಯಾ ಅಂತ ನೋಡಿ, ಆಮೇಲೆ ಡ್ರೈವ್ ಕೊಟ್ಟಳು.

ಮೇಲೆ ಬಂದು ವೈರಿಗೆ ಸಿಕ್ಕಿಸಿದೆ. ಊರು ಇದ್ದ ಹಾಗೇ ಇತ್ತು. ಕೆರೆಯಲ್ಲಿ ನೀರೂ ಇತ್ತು. ಗೃಹಸ್ಥರ ಕಣ್ಣಲ್ಲೂ ಬಂತು. ಕಣ್ಣೊರೆಸಿಕೊಂಡು, ಇನ್ನು ಇದನ್ನು ಎಲ್ಲಿ ಜೋಪಾನವಾಗಿ ಇಡುವುದು ಅಂತ ಡ್ರೈವ್ ಹಿಡಿದು ಮನೆಯೆಲ್ಲ ನೋಡತೊಡಗಿದರು. ಕಪಾಟು ತುಂಬಿದೆ, ಮಂಚದ ಕೆಳಗೆ ತುಂಬಿದೆ, ಫ್ರಿಜ್ಜಿನ ಮೇಲೂ ಡಬ್ಬಿಗಳು.

ಹೆಂಡತಿ ಬರಿಗೈಯಲ್ಲಿ ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು. "ಜಾಗ ಹುಡುಕ್ತೀರಾ? ಗ್ಯಾಸಿನ ಮೇಲೆ ಇಡಿ. ಇವತ್ತಿನಿಂದ ಅದು ಖಾಲಿ."