ಮುಸುಂಬಿಯಷ್ಟು ಕುಜ

ಚೌತಿ ಕಳೆದ ಮರುವಾರ, ಮಂಗಳವಾರ ಬೆಳಿಗ್ಗೆ ಏಳರ ಹೊತ್ತಿಗೆ ಲೀಲಾಧರನ ತಲೆಗೆ ಆ ಉಪಾಯ ಹೊಳೆಯಿತು. ಹೊಳೆಯದಿದ್ದರೆ ಒಳ್ಳೆಯದಿತ್ತು.

ಲೀಲಾಧರ ಬೈಕಿನ ಹಿಂದೆ ಪೆಟ್ಟಿಗೆ ಕಟ್ಟಿಕೊಂಡು ವಂಡ್ಸೆ, ಹಾಲಾಡಿ ಕಡೆ ಮೀನು ಮಾರುವವ. ಮಗಳು ಅಮಿತಾ ಹೈಸ್ಕೂಲಿನಲ್ಲಿ ವಿಜ್ಞಾನದ ಟೀಚರು. ಅವಳಿಗೂ ಕಿರಿಮಂಜೇಶ್ವರದ ಯತೀಶನಿಗೂ ಪರಸ್ಪರ ಒಪ್ಪಿಗೆಯಿತ್ತು. ಯತೀಶನ ತಾಯಿ ಹರಿಣಾಕ್ಷಿ ಮಾತ್ರ ಜಾತಕ ತೋರಿಸಿ, ಹೆಣ್ಣಿಗೆ ಕುಜದೋಷವೆಂದು ಬಾಗಿಲು ಹಾಕಿದ್ದರು. ಜಾತಕದಲ್ಲಿ ಶುಕ್ರನೂ ನೀಚನೇ. ಆದರೆ ಜೋಯಿಸರು ಅದನ್ನು ಸಣ್ಣ ಸಂಗತಿಯೆಂದು ಬಿಟ್ಟಿದ್ದರು. ಮುಂಬೈಯ ಕೆಲಸದಿಂದ ಊರಿಗೆ ಬಂದಿದ್ದ ಯತೀಶನ ರಜೆ ಶುಕ್ರವಾರಕ್ಕೆ ಮುಗಿಯುತ್ತಿತ್ತು.

ಅಮಿತಾ ಬಾಡಿದ ಮುಖದಲ್ಲೇ ಅಂದಿನ ಪಾಠಕ್ಕೆ ಜಗಲಿಯಲ್ಲಿ ಗ್ರಹಗಳನ್ನು ಜೋಡಿಸುತ್ತಿದ್ದಳು. ಭೂಮಿ ಒಂದು ಸುಲಿದ ತೆಂಗಿನಕಾಯಿ. ಶುಕ್ರ ಅದಕ್ಕಿಂತ ಚೂರು ಸಣ್ಣ ಇನ್ನೊಂದು ಕಾಯಿ. ಬುಧ ಲಿಂಬೆಹಣ್ಣು, ಚಂದ್ರ ಅಡಿಕೆ.

"ಕುಜ ಎಲ್ಲಿತ್ತ್?" ಎಂದ ಲೀಲಾಧರ.

"ಈ ಮುಸುಂಬಿ ಅಪ್ಪಯ್ಯ. ಭೂಮಿಯ ಅರ್ಧ ಅಗಲ. ಅವ್ನ ಎರಡ್ ಚಂದ್ರ ಹೊಯ್ಗೆ ಕಾಳಷ್ಟೇ."

"ಈ ಮುಸುಂಬಿಗಾ ನಾವ್ ಹೆದ್ರಿದ್ದ್!" ಲೀಲಾಧರ ಎಲ್ಲವನ್ನೂ ಬುಟ್ಟಿಗೆ ತುಂಬಿದ.

"ಶುಕ್ರ ಇಲ್ಲೇ ಇರ್ಲಿ ಅಪ್ಪಯ್ಯ."

"ಬುಟ್ಟಿ ಪೂರ್ತಿ ತೋರ್ಸದೆ ನಾ ಒಂದ್ ಬಂಗ್ಡಿಯೂ ಮಾರ್ದವ ಅಲ್ಲ."

ಮೀನು ವಾಸನೆಯ ಬೈಕು ಬಿಟ್ಟು ಹತ್ತಿದ ಕಿರಿಮಂಜೇಶ್ವರದ ಬಸ್ಸಿನಲ್ಲಿ ನೆರೆಮನೆಯ ಉಮಾನಾಥ ಪಕ್ಕಕ್ಕೇ ಬಂದು ಕೂತ. "ಹ್ವಾಯ್ ಲೀಲಾಧರಣ್ಣ, ಸಂಬಂಧದ ಮಾತಿಗೆ ಒಬ್ರೇ ಹೋಪುದಾ? ನಾನೂ ಬತ್ತೆ." ಕರೆಯದೆ ಬರುವುದರಲ್ಲಿ ಉಮಾನಾಥ ನೆಗಡಿಯ ಹಾಗೆ.

ಅವನಿಗೆ ತೋರಿಸಲೆಂದು ಹೊಯ್ಗೆ ಕಾಳು ಕಟ್ಟಿದ್ದ ಕಾಗದದ ಪೊಟ್ಟಣ ಬಿಚ್ಚುವಷ್ಟರಲ್ಲಿ ಮರವಂತೆಯ ಗಾಳಿ ಕುಜನ ಎರಡೂ ಚಂದ್ರರನ್ನು ಹಾರಿಸಿಕೊಂಡು ಹೋಯಿತು.

"ಹೋಯ್ಲಿ ಬಿಡಿ," ಉಮಾನಾಥ ಕಿಟಕಿಯಾಚೆಯ ಕಡಲತೀರದ ಮರಳು ತೋರಿಸಿದ, "ಅಲ್ಲಿಪ್ಪುದೆಲ್ಲಾ ಕುಜನ ಚಂದ್ರನೇ."

ನಾವುಂದ ಬರುವಾಗ ಅವನ ಬಾಯಿ ಕೆಂಪಾಗಿತ್ತು.

"ಎಂತ ತಿಂಬುದ್?"

"ಬುಟ್ಟಿಯಲ್ ಒಂದ್ ಅಡ್ಕಿ ಇತ್ತಲೆ..."

"ಅದ್ ನಮ್ಮ್ ಚಂದ್ರ ಮರಾಯ!"

"ಅದ್ಕೇ ಸಪ್ಪೆ," ಎಂದು ಉಮಾನಾಥ ಅಡಕತ್ತರಿ ಮಡಚಿದ.

ಹರಿಣಾಕ್ಷಿಯ ಚಾವಡಿಯಲ್ಲಿ ಲೀಲಾಧರ, ಗಿರಾಕಿಯ ಮುಂದೆ ಅಂಜಲ್ ಮೀನು ಇಡುವಷ್ಟು ಭಕ್ತಿಯಿಂದ ಗ್ರಹಗಳನ್ನು ಸಾಲಾಗಿಟ್ಟ. "ಕಾಣಿ ಅಕ್ಕ, ಈ ಕಾಯಿ ನಾವಿಪ್ಪು ಭೂಮಿ. ಈ ಮುಸುಂಬಿ ಕುಜ. ಇಷ್ಟೇ."

ಹರಿಣಾಕ್ಷಿ ಒಂದನ್ನು ಎಡಗೈಯಲ್ಲಿ, ಇನ್ನೊಂದನ್ನು ಬಲಗೈಯಲ್ಲಿ ತೂಗಿ ನೋಡಿದರು. "ಇಷ್ಟ್ ಸಣ್ಣದಾ? ಜೋಯಿಸ್ರ್ ಆನೆಯಷ್ಟ್ ಮಾಡಿದ್ರಲೆ!" ಎಂದವರು ನಕ್ಕೇಬಿಟ್ಟು, ಬಾಗಿಲಲ್ಲಿ ನಿಂತಿದ್ದ ಯತೀಶನಿಗೆ ಮುಸುಂಬಿ ಚಾಚಿದರು. "ತಕೋ ಮಗಾ, ತಿನ್ನ್ ಅವ್ಳ್ ದೋಷ."

ಯತೀಶ ಒಂದೇ ಉಸಿರಿಗೆ ಸುಲಿದು, ಬೀಜ ಸಮೇತ ನುಂಗಿದ. ಲೀಲಾಧರನ ಕಣ್ಣಲ್ಲಿ ನೀರು.

"ಆ ಇನ್ನೊಂದ್ ಕಾಯಿ ಎಂತದ್?" ಎಂದರು ಹರಿಣಾಕ್ಷಿ.

ವ್ಯಾಪಾರ ಕುದುರಿದ ಹುರುಪಿನಲ್ಲಿ ಲೀಲಾಧರ, "ಅದ್ ಶುಕ್ರ ಅಕ್ಕ. ಹೆಚ್ಚೂಕಡ್ಮಿ ಭೂಮಿಯಷ್ಟೇ," ಎಂದ.

"ಅದ್ಕ್ ಚಂದ್ರ ಎಷ್ಟ್?"

"ಒಂದೂ ಇಲ್ಲೆ."

ಉಮಾನಾಥ ಎಲೆಯಡಿಕೆಯನ್ನು ಒಂದು ಕೆನ್ನೆಗೆ ಸರಿಸಿದ. "ನಮ್ಮ್ ಅಮಿತಂಗೆ ನೀಚ ಆದ್ದ್ ಅದೇ ಅಲ್ದಾ, ಲೀಲಾಧರಣ್ಣ?"

ಹರಿಣಾಕ್ಷಿ ಶುಕ್ರನನ್ನು ಎರಡೂ ಕೈಯಲ್ಲಿ ಎತ್ತಿ, ಮಗನ ತಲೆ ನೋಡಿ, ಮೆಲ್ಲ ಬುಟ್ಟಿಗಿಳಿಸಿದರು.

"ಮುಸುಂಬಿಯಷ್ಟಿನ ಕುಜಂಗೇ ನಂಗೆ ನಿದ್ದೆ ಇಲ್ದಿತ್ತ್. ಇಷ್ಟ್ ದೊಡ್ಡ್ ಶುಕ್ರ ನೀಚ ಆರೆ ನನ್ ಮಗ ಉಳಿತ್ನಾ? ಜತಿಗೆ ಒಂದ್ ಚಂದ್ರನೂ ಇಲ್ದ ಒಂಟಿ ಬೇರೆ! ಬ್ಯಾಡ, ತಕಂಡ್ ಹೋಯ್ನಿ."

ಸಂಜೆ ಅಮಿತಾ ಮೆಟ್ಟಿಲಲ್ಲೇ ಕಾದಿದ್ದಳು. "ಕುಜ ಎಂತ ಆಯ್ತ್ ಅಪ್ಪಯ್ಯ?"

"ಯತೀಶ ತಿಂದ."

ಮಗಳ ಮುಖ ಅರಳಿತು. ಆ ಮುಖ ನೋಡಿ ಮುಂದಿನ ಮಾತು ಹೇಳುವುದಕ್ಕೆ ಲೀಲಾಧರನಿಗೆ ದೀಪ ಹಚ್ಚುವವರೆಗೂ ಹೊತ್ತು ಬೇಕಾಯಿತು.

ಮರುದಿನ ಹೆಂಡತಿ ವನಜ ಶುಕ್ರನನ್ನು ತುರಿದು ಸಾರು ಮಾಡಿದಳು. ಯಾರೂ ಉಣ್ಣಲಿಲ್ಲ. ಶುಕ್ರವಾರದ ರೈಲಿಗೆ ಯತೀಶ ಮುಂಬೈಗೆ ಹೋದ.