ಔರಾದದ ಹೆಣ್ಣೂ ಮದ್ರಾಸಿನ ಡೈರೆಕ್ಟರೂ

ಎದುರಿಗೆ ಕೂತವರು ತಪ್ಪು ಮಾತಾಡಿದರೆ ನನಗೆ ಮೈಮೇಲೆ ಇರುವೆ ಬಿಟ್ಟಂತಾಗುತ್ತದೆ. ಕೂತಲ್ಲಿ ಕೂರಲಾರೆ. ಹೈದರಾಬಾದಿನ ಕಾಲೇಜಿನ ಚರ್ಚಾಕೂಟದಲ್ಲಿ ಈ ರೋಗಕ್ಕೆ ಬಹುಮಾನ ಕೊಡುತ್ತಿದ್ದರು. ನಮ್ಮ ನಿಲಂಗಾದ ಕಡೆ ಹೆಣ್ಣು ಕೊಡುವುದಿಲ್ಲ. ವಲಾಂಡಿಗೆ ಹೆಣ್ಣು ನೋಡಲು ಹೋದಾಗ ಹುಡುಗಿಯ ಅಜ್ಜ, ಗ್ರಹಣದ ಹೊತ್ತಿನಲ್ಲಿ ನೀರು ವಿಷವಾಗುತ್ತದೆ ಎಂದರು. ಹಾಗಾದರೆ ಗ್ರಹಣ ಬಿಟ್ಟ ಮೇಲೆ ಬಾವಿಯನ್ನೇ ಏಕೆ ಖಾಲಿ ಮಾಡುವುದಿಲ್ಲ ಎಂದು ಕೇಳಿದೆ. ಮುರುಮದ ಹೆಣ್ಣಿನ ಮನೆಯಲ್ಲಿ ಏನು ಕೇಳಿದೆನೋ ನೆನಪಿಲ್ಲ, ಅವಲಕ್ಕಿ ಬರುವ ಮೊದಲೇ ನಾವು ಚಪ್ಪಲಿ ಮೆಟ್ಟಬೇಕಾಯಿತು. "ಔರಾದದ ಸಂಬಂಧಾನೂ ಕೆಡಿಸಿದಿ ಅಂದ್ರ, ಮುಂದ ನಿನಗ ಹೆಣ್ಣು ನೋಡೂದಿಲ್ಲ" ಎಂದು ಅಪ್ಪ ನನ್ನನ್ನು ಶಿವಲಿಂಗ ಕಾಕಾನ ಕೈಗೆ ಒಪ್ಪಿಸಿಬಿಟ್ಟರು.

ಈ ಕಾಕಾ ಮದ್ರಾಸಿನಲ್ಲಿ ಒಬ್ಬ ತಮಿಳು ಸಿನಿಮಾ ಡೈರೆಕ್ಟರನ ಕೈಕೆಳಗೆ ವರ್ಷಗಟ್ಟಲೆ ಶೂಟಿಂಗಿನ ದೀಪ ಹಿಡಿದು ಬಂದವನು. ಆ ಮಹಾಶಯನನ್ನು ನಾನು ಕಂಡಿಲ್ಲ. ಆದರೂ ಅವನ ಚರಿತ್ರೆ ನನಗೆ ನಮ್ಮಜ್ಜನ ಚರಿತ್ರೆಗಿಂತ ಚೆನ್ನಾಗಿ ಗೊತ್ತು. ನಾಟಕ ಕಂಪನಿಯಲ್ಲಿ ಪರದೆ ಎಳೆಯುತ್ತಿದ್ದನಂತೆ, ಮೂಕಿ ಚಿತ್ರಗಳಲ್ಲಿ ಹೆಸರು ಮಾಡಿದನಂತೆ, ಚಿತ್ರಗಳಿಗೆ ಮಾತು ಬಂದು ಎಲ್ಲರೂ ಅರಚತೊಡಗಿದಾಗ ಇವನೊಬ್ಬ ನಟರ ಮಾತು ಕತ್ತರಿಸುತ್ತ ಹೋದನಂತೆ. ಹಾಗಾಗಿಯೇ ಅವನು ತೆಗೆದ ಶಿವನ ಚಿತ್ರ, ತಮಿಳಿನ ಗಂಧವಿಲ್ಲದ ಉದಗೀರಿನ ಸಿನಿಮಾ ಡೇರೆಯಲ್ಲೂ ತುಂಬಿ ಓಡಿತ್ತು. "ಸುಮ್ನಿದ್ದಾಂವನ ಮಾರಿ ಮಂದಿ ಓದ್ತಾರೋ. ಔರಾದದಾಗ ನೀ ಬಾಯಿ ಬಿಡಬ್ಯಾಡ. ನಗು, ಚಹಾ ಕುಡಿ" ಎಂದ ಕಾಕಾ. ಎಲ್ಲಿಯೋ ಇರುವ ಮದ್ರಾಸಿನವನಿಗೂ ನನ್ನ ಮದುವೆಗೂ ಏನು ಸಂಬಂಧ ಎಂದು ದಾರಿಯುದ್ದಕ್ಕೂ ವಾದಿಸಿದೆ.

ಹುಡುಗಿಯ ತಂದೆ ಪಾಟೀಲರು ಹಣೆತುಂಬ ವಿಭೂತಿ ಬಳಿದುಕೊಂಡು ಕೂತಿದ್ದರು. ಅವರು ಎತ್ತಿದ ಮೊದಲ ಮಾತೇ ಆ ಚಿತ್ರದ್ದು! "ಉದಗೀರಿನ ಡೇರ್ಯಾಗ ಶಿವಪ್ಪ ಪಡದಾದ ಮ್ಯಾಲ ಬಂದ ನೋಡ್ರಿ, ನಾ ಅಲ್ಲೇ ಕಾಯಿ ಒಡದೆ. ಮರುದಿನ ನಮ್ಮ ಬತ್ತಿದ ಎಮ್ಮಿ ಹಾಲು ಕೊಡ್ತು!" ಆ ಶಿವನ ಕೊರಳ ಹಾವು ಉಣ್ಣೆಯದೆಂದೂ, ಶಿವ ಬಿಡುವಿನಲ್ಲಿ ಬೀಡಿ ಸೇದುತ್ತಿದ್ದನೆಂದೂ ಕಾಕಾನೇ ನನಗೆ ಹೇಳಿದ್ದ. ತೊಡೆ ಚಿವುಟಿಕೊಂಡು, ಬಾಯಿ ಬಿಡದೆ ಮುಗುಳ್ನಕ್ಕೆ. "ಹುಡುಗ ಭಾಳ ಗಂಭೀರ, ನಮಗ ಪಸಂದ್ ಅದಾನ್ರೀ" ಎಂದರು ಪಾಟೀಲರು.

ಚಹಾ ತಂದ ಹುಡುಗಿ ತಲೆ ಎತ್ತಿಯೇ ನನ್ನನ್ನು ನೋಡಿದಳು. ಮಾಡಿಕೊಂಡರೆ ಈಕೆಯನ್ನೇ ಎಂದು ನನಗೆ ಅನ್ನಿಸಿದ್ದು ಆಗಲೇ. "ನೀನೂ ಏನರೆ ಕೇಳವ್ವಾ" ಎಂದಳು ಅವಳ ಅಜ್ಜಿ, ಕೇಳಲಾರಳೆಂಬ ಧೈರ್ಯದಲ್ಲಿ.

"ಅಪ್ಪ ಹೇಳಿದ ಎಮ್ಮಿ ಮಾತು ನಿಮಗ ಖರೆ ಅನಸ್ತದೇನ್ರೀ?"

ಹೌದೆಂದರೆ ಮಾವ ಸಿಗುತ್ತಾರೆ, ಹುಡುಗಿ ಹೋಗುತ್ತಾಳೆ. ಇಲ್ಲವೆಂದರೆ ಮಾವನೇ ಹೋಗುತ್ತಾರೆ, ಆಮೇಲೆ ಹುಡುಗಿ ಎಲ್ಲಿಂದ? ಕಾಕಾನ ಕಡೆ ನೋಡಿದೆ; ಅವನು ಮಾಳಿಗೆಯ ತೊಲೆ ಎಣಿಸುತ್ತಿದ್ದ.

"ಇಲ್ರೀ" ಎಂದೆ.

"ಯಾಕಿಲ್ಲ?" ಪಾಟೀಲರ ಮೀಸೆ ನೆಟ್ಟಗಾಯಿತು. ಉಣ್ಣೆ, ಬೀಡಿ, ತರ್ಕಶಾಸ್ತ್ರ ಎಲ್ಲ ಒಟ್ಟಿಗೆ ಗಂಟಲಿಗೆ ಬಂದು ನಿಂತವು. ಹುಡುಗಿಯತ್ತ ನೋಡಿದರೆ, ಆಕೆ ನನ್ನ ವಾದಕ್ಕೇನೂ ಕಾಯುತ್ತಿರಲಿಲ್ಲ, ನಗು ತಡೆಯುತ್ತಿದ್ದಳು. ನಾನು ಸುಮ್ಮನಾದೆ. ಪಾಟೀಲರು ನನ್ನನ್ನೊಮ್ಮೆ, ಮಗಳನ್ನೊಮ್ಮೆ ನೋಡಿ ಉಸಿರು ಬಿಟ್ಟರು. "ನನ್ನ ಮಾತಿಗೆ ಇಲ್ಲ ಅನ್ನಾಕಿ ಮನ್ಯಾಗ ಈಕಿ ಒಬ್ಬಾಕಿನೇ ಇದ್ಲು. ಈಗ ಜೋಡಿ ಸಿಕ್ತು. ಕರಕೊಂಡ್ ಹೋಗ್ರಿ ಅತ್ಲಾಗ!"

ಬಂಡಿಯಲ್ಲಿ ಮರಳುವಾಗ ಕಾಕಾ, "ನಮ್ಮ ಡೈರೆಕ್ಟರು ಗೆದ್ರು ನೋಡು" ಎಂದ. ಸುಳ್ಳು! ಆ ಒಂದು ಮಾತೂ ನನ್ನದು, ಆಮೇಲಿನ ಮೌನವೂ ನನ್ನದು ಎಂದು ಶುರುಮಾಡಿದೆ. ಕಾಕಾನ ಪರವಾಗಿ ನಾನೇ ಪೂರ್ವಪಕ್ಷ ಎತ್ತಿದೆ, ಮುರಿದೆ, ಮತ್ತೆ ಎತ್ತಿದೆ. ಕಾಕಾ ಎತ್ತಿನ ಬಾಲ ನೋಡುತ್ತ ಕೂತವನು ತುಟಿ ಬಿಚ್ಚಲಿಲ್ಲ. ನಿಲಂಗಾ ಕಣ್ಣಿಗೆ ಬೀಳುವಷ್ಟರಲ್ಲಿ, ಅವನು ಹೇಳಿದ್ದೇ ಸರಿಯೇನೋ ಎಂದು ನನಗೇ ಅನುಮಾನ ಹುಟ್ಟಿತ್ತು.