ಮೊಸಳೆ ಮಾಮ ಕೂತ ಪ್ರಕರಣ

'ಮೊಸಳೆ ಮಾಮ' ಎಂಬ ಮಕ್ಕಳ ವಾರಪತ್ರಿಕೆಯು ಒಟ್ಟು ಏಳು ಸಂಚಿಕೆಗಳ ಕಾಲ ಅವ್ಯಾಹತವಾಗಿ ಪ್ರಕಟವಾಯಿತು. ಟೀವಿಯಲ್ಲಿ ಪ್ರತಿ ಸಂಜೆ ಮೊಸಳೆ ವೇಷದವನೊಬ್ಬ ನಿಂತುಕೊಂಡು ಮಕ್ಕಳಿಗೆ ಬುದ್ಧಿ ಹೇಳುವ ಜನಪ್ರಿಯ ಕಾರ್ಯಕ್ರಮವಿತ್ತು. ಅದನ್ನೇ ಕಾಗದಕ್ಕಿಳಿಸುವುದು ಪತ್ರಿಕೆಯ ಘನ ಉದ್ದೇಶ. ಸಂಪಾದಕರು ಅದಕ್ಕೂ ಮೊದಲು ಸಿಮೆಂಟ್ ತಯಾರಕರ ಮಾಸಿಕವನ್ನು ಹನ್ನೆರಡು ವರ್ಷ ನಡೆಸಿದ್ದವರಾದ್ದರಿಂದ, ಮಕ್ಕಳ ಮನಸ್ಸು ಅವರಿಗೆ ಕರತಲಾಮಲಕ ಎಂದು ಆಡಳಿತ ವರ್ಗ ನಂಬಿತ್ತು.

'ಮಾಮನಿಗೊಂದು ಪತ್ರ' ಎಂಬ ಪುಟವನ್ನು ನೋಡಿಕೊಳ್ಳುತ್ತಿದ್ದ ಉಪಸಂಪಾದಕಿಯನ್ನು ಕಚೇರಿಯಲ್ಲಿ ಎಲ್ಲರೂ ಪತ್ರದಕ್ಕ ಎನ್ನುತ್ತಿದ್ದರು. ಮಕ್ಕಳ ಪತ್ರಗಳಿಗೆ ಮೊಸಳೆಯ ಪರವಾಗಿ ಉತ್ತರಿಸುವುದು ಅವಳ ಕೆಲಸ. ಮಕ್ಕಳು ಬರೆಯುತ್ತಿರಲಿಲ್ಲವಾದ್ದರಿಂದ ಪತ್ರಗಳನ್ನೂ ಅವಳೇ ಬರೆಯುತ್ತಿದ್ದಳು. ನೈಜತೆ ಇರಲೆಂದು ಎಡಗೈಯಲ್ಲಿ ಬರೆಯುತ್ತಿದ್ದಳು.

ಮೂರನೇ ಸಂಚಿಕೆಯ ವಾರ ಒಂದು ನಿಜವಾದ ಪತ್ರ ಬಂತು. ಹೆಸರಿನ ಜಾಗದಲ್ಲಿ 'ಎರಡನೇ ಕ್ಲಾಸು ಹುಡುಗಿ' ಎಂದಿತ್ತು.

"ಮಾಮ, ನೀನು ಯಾವಾಗ್ಲೂ ನಿಂತೇ ಇರ್ತೀಯ. ಕಾಲು ನೋಯಲ್ವಾ? ನಮ್ಮಜ್ಜಿಗೆ ನೋಯುತ್ತೆ. ಸ್ವಲ್ಪ ಕೂತ್ಕೋ. ನೀನು ಪುಸ್ತಕದ ಜೊತೆ ಕೊಟ್ಟ ಕತ್ತರಿ ಏನೂ ಕತ್ತರಿಸಲ್ಲ."

ಪತ್ರದಕ್ಕ ಅದನ್ನು ಮೂರು ಸಲ ಓದಿದಳು. ಕಣ್ಣು ತುಂಬಿ ಬಂತು. ಇಷ್ಟು ವರ್ಷದ ನೌಕರಿಯಲ್ಲಿ ಅವಳಿಗೇ 'ಸ್ವಲ್ಪ ಕೂತ್ಕೋ' ಎಂದವರಿರಲಿಲ್ಲ. ಯಾರನ್ನೂ ಕೇಳದೆ ನಾಲ್ಕನೇ ಸಂಚಿಕೆಯಲ್ಲಿ ಉತ್ತರ ಅಚ್ಚು ಹಾಕಿಸಿಬಿಟ್ಟಳು: "ಪುಟ್ಟಿ, ಮುಂದಿನ ವಾರ ಖಂಡಿತ ಕೂತ್ಕೋತೀನಿ. ಮಾಮನ ಮಾತು ಅಂದ್ರೆ ಮಾತು."

ಮೇಲಿನ ಮಹಡಿಯಲ್ಲಿ ಟೀವಿಯವರ 'ಪಾತ್ರ ಸಂರಕ್ಷಣಾ ಸಮಿತಿ' ಇತ್ತು. ಮೆಟ್ಟಿಲು ಹದಿನೆಂಟೇ ಆದರೂ ಸಮಿತಿಯ ಪತ್ರಗಳು ನಿಯಮಾನುಸಾರ ಅಂಚೆಯಲ್ಲೇ ಬರುತ್ತಿದ್ದವು. ಈ ಸಲ ಬಂದದ್ದು ಒಂದೇ ವಾಕ್ಯ: 'ನಿಯಮ ಒಂಬತ್ತರ ಪ್ರಕಾರ, ಪರದೆಯ ಮೇಲೆ ಮಾಡದ ಯಾವುದನ್ನೂ ಪಾತ್ರವು ಕಾಗದದ ಮೇಲೆ ಮಾಡತಕ್ಕದ್ದಲ್ಲ.'

ಸಂಪಾದಕರು ಪತ್ರದಕ್ಕನನ್ನು ಕರೆಸಿದರು.

"ಏನಮ್ಮಾ ಇದು? ಆ ಮೊಸಳೆ ಕೂರಲ್ಲ."

"ಯಾಕೆ ಸರ್?"

"ವೇಷಕ್ಕೆ ಮಂಡಿ ಇಟ್ಟಿಲ್ಲ. ಕೂತರೆ ಹೊಲಿಗೆ ಬಿಟ್ಟು ಒಳಗಿರೋನು ಹೊರಗೆ ಬರ್ತಾನೆ."

"ಸರ್, ನಮ್ಮದು ಬರೀ ಚಿತ್ರ. ಅದರೊಳಗೆ ಯಾರೂ ಇಲ್ಲ."

ಸಂಪಾದಕರು ಎದ್ದು ಹೋಗಿ ಬಾಗಿಲು ಮುಚ್ಚಿ ಬಂದರು. "ಸಮಿತಿಗೊಂದು ಅರ್ಜಿ ಹಾಕು. ಇದನ್ನ ಮಾತ್ರ ಅದರಲ್ಲಿ ಬರೀಬೇಡ," ಎಂದರು. "ಇಲ್ಲದ ಪ್ರಶ್ನೆ ಎತ್ತುತ್ತಾರೆ."

'ವಿಷಯ: ಮೊಸಳೆಯು ಕೂರುವ ಬಗ್ಗೆ' ಎಂಬ ಅರ್ಜಿ ಮೂರು ಪ್ರತಿಗಳಲ್ಲಿ ಹೋಯಿತು. ಯಾವುದರ ಮೇಲೆ ಕೂರುತ್ತದೆ, ಎಷ್ಟು ಹೊತ್ತು, ಬಾಲವನ್ನು ಆಗ ಎಲ್ಲಿಡಲಾಗುವುದು ಎಂದು ಸಮಿತಿ ಕೇಳಿತು. ಹಿಂದೆ ಕಿಂಡಿಯಿರುವ ಕುರ್ಚಿಯ ನಕ್ಷೆಯನ್ನು ಪತ್ರದಕ್ಕ ಕಳಿಸಿದಳು. ಅಷ್ಟರಲ್ಲಿ ಐದನೇ ಸಂಚಿಕೆ ಬಂತು. ಮಾಮ ನಿಂತೇ ಇದ್ದ. ಆ ಮಗು ಪುಟ ತಿರುಗಿಸಿ ಏನಂದುಕೊಂಡಿತೋ ಎಂದು ಅವಳಿಗೆ ಊಟ ಸೇರಲಿಲ್ಲ.

ಆರನೇ ವಾರ ಕುರ್ಚಿಗೆ ಅನುಮೋದನೆ ಸಿಕ್ಕಿತು, ಕೂರುವುದಕ್ಕೆ ಸಿಗಲಿಲ್ಲ. ಆದ್ದರಿಂದ ಕುರ್ಚಿಯನ್ನು ಪುಟದ ತುಂಬ ಬಣ್ಣದಲ್ಲಿ ಅಚ್ಚು ಮಾಡಿ, ಮೊಸಳೆಯನ್ನು ಅದರ ಪಕ್ಕದಲ್ಲಿ ನಿಲ್ಲಿಸಲಾಯಿತು. "ಅರ್ಧ ಕೆಲಸ ಆದಂಗೇ ಅಲ್ವೇನಮ್ಮ," ಎಂದು ಸಂಪಾದಕರು ಸಮಾಧಾನ ಮಾಡಿದರು. ಏಳನೇ ವಾರವೂ ಅದೇ ಪುಟವನ್ನು ಮತ್ತೆ ಹಾಕಿದರು. ಆಮೇಲೆ ಆಡಳಿತ ವರ್ಗದ ಆದೇಶ ಬಂತು: 'ಟೀವಿಯಲ್ಲಿ ಕಂಡದ್ದನ್ನು ಬಿಟ್ಟರೆ ಪತ್ರಿಕೆಯಲ್ಲಿ ಹೊಸತೇನೂ ಇಲ್ಲದಿರುವುದು ವಿಷಾದಕರ. ಆದಕಾರಣ ಮುಚ್ಚಲಾಗಿದೆ.'

ಕೊನೆಯ ದಿನ ಲಾರಿ ಬಂತು. ಮೊದಲು ಹೋದದ್ದು ಕುರ್ಚಿಗಳು. ಎಲ್ಲರೂ ನಿಂತುಕೊಂಡೇ ಕಾಗದ ಕಟ್ಟುತ್ತಿದ್ದಾಗ ಒಂದು ಲಕೋಟೆ ಬಂತು. ಒಳಗೆ ಆರನೇ ಸಂಚಿಕೆಯ ಆ ಪುಟ. ಮೊಸಳೆಯನ್ನು ಕತ್ತರಿಸಿ, ಕಾಲನ್ನು ಮಂಡಿಯ ಹತ್ತಿರ ತುಂಡು ಮಾಡಿ, ಮಡಿಸಿ, ಕುರ್ಚಿಯ ಮೇಲೆ ಅಂಟಿಸಲಾಗಿತ್ತು. ಬಾಲ ಕಿಂಡಿಯಿಂದ ಸರಿಯಾಗಿ ಹೊರಬಂದಿತ್ತು.

"ಮಾಮ, ನಿನಗೆ ಕೂರೋಕೆ ಬರಲ್ಲ ಅನ್ಸುತ್ತೆ. ನಾನೇ ಕೂರಿಸಿದೀನಿ. ಅಜ್ಜಿ ಕತ್ತರಿ ತಗೊಂಡೆ."

ಪತ್ರದಕ್ಕ ನಕ್ಕಳು, ಸೆರಗಿನಿಂದ ಮೂಗೊರೆಸಿಕೊಂಡಳು, ಮತ್ತೆ ನಕ್ಕಳು. ಸಂಪಾದಕರು ಗಾಬರಿಯಾಗಿ ಮೇಲಕ್ಕೆ ಸುದ್ದಿ ಮುಟ್ಟಿಸಿದರು. ಸಮಿತಿಯ ಮೂವರು ಸದಸ್ಯರು ಅಂಚೆಗೂ ಕಾಯದೆ ಹದಿನೆಂಟು ಮೆಟ್ಟಿಲು ಇಳಿದು ಬಂದು, ಪುಟವನ್ನು ಬೆಳಕಿಗೆ ಹಿಡಿದು ನೋಡಿ, ಗೋಡೆಗೆ ಕಾಗದ ಒತ್ತಿಕೊಂಡು ತೀರ್ಪು ಬರೆದರು: 'ಸದರಿ ಮೊಸಳೆಯು ಈಗಾಗಲೇ ಕೂತಿರುವುದು ಖುದ್ದು ಕಂಡುಬಂದಿರುವುದರಿಂದ, ಕೂರಲು ಅನುಮತಿಸಲಾಗಿದೆ. ಆದರೆ ಪೂರ್ವಾನುಮತಿಯಿಲ್ಲದೆ ಏಳತಕ್ಕದ್ದಲ್ಲ.'

"ನ್ಯಾಯವಾಗೇ ಇದೆ," ಎಂದರು ಸಂಪಾದಕರು.

ಪತ್ರದಕ್ಕ ಪುಟ ತಿರುಗಿಸಿದಳು. ಹಿಂದೆ ಇನ್ನೊಂದು ಸಾಲಿತ್ತು: "ಕಾಲುನೋವು ಹೋದ್ಮೇಲೆ ಎದ್ದು ನಮ್ಮನೆಗೆ ಬಾ."

ಅವಳು ಕಿಟಕಿಯ ಕಟ್ಟೆಯ ಮೇಲೆ ಬಿಳಿ ಹಾಳೆ ಹರಡಿ, ನಿಂತುಕೊಂಡೇ ಬರೆಯತೊಡಗಿದಳು: 'ಮಾನ್ಯರೇ, ವಿಷಯ: ಮೊಸಳೆಯು ಏಳುವ ಬಗ್ಗೆ.' ಪತ್ರಿಕೆಯೇ ಇಲ್ಲವಲ್ಲ ಎಂದು ಯಾರೂ ಕೇಳಲಿಲ್ಲ. ಸಮಿತಿಯವರು ಅರ್ಜಿಗಾಗಿ ಅಲ್ಲೇ ಸಾಲಾಗಿ ನಿಂತು ಕಾದರು.

"ಮೂರು ಪ್ರತಿ ಮಾಡಮ್ಮ," ಎಂದರು ಸಂಪಾದಕರು.